ಚೆಕ್ಕಿನ ಮೊಕದ್ದಮೆ: ಫಿರ್ಯಾದಿ ಬಾರದಿದ್ದರೆ ಆರೋಪಿ ಖುಲಾಸೆ

ಬೆಳೆ ಬೆಳೆಯುವುದು ಎಷ್ಟು ಮುಖ್ಯವೋ ಬೆಳೆದ ಮಾಲಿನ ಹಣ ಕೈಸೇರುವುದೂ ಅಷ್ಟೇ ಮುಖ್ಯ. ಮೆಕ್ಕೆಜೋಳ, ಹತ್ತಿ, ಅಡಿಕೆ, ದ್ರಾಕ್ಷಿ, ದಾಳಿಂಬೆ ಮುಂತಾದ ಬೆಳೆಗಳ ವ್ಯಾಪಾರದಲ್ಲಿ ಖರೀದಿದಾರರು ಮಾಲು ತುಂಬಿಕೊಂಡು, ಹಣದ ಬದಲು ಮುಂದಿನ ತಾರೀಖು ಹಾಕಿದ ಚೆಕ್ಕು ಕೊಟ್ಟುಹೋಗುವುದುಂಟು. ಖಾತೆಯಲ್ಲಿ ಹಣವಿಲ್ಲದೆ ಆ ಚೆಕ್ಕು ವಾಪಸಾದರೆ ಅದು ಶಿಕ್ಷೆಗೆ ಗುರಿಯಾಗುವ ಅಪರಾಧ ಎಂಬುದು ಬಹುಮಟ್ಟಿಗೆ ಎಲ್ಲ ರೈತರಿಗೂ ಗೊತ್ತಿದೆ. ಆದರೆ ಈ ಅಪರಾಧದ ಮೊಕದ್ದಮೆಯನ್ನು ನಡೆಸಬೇಕಾದವರು ಪೊಲೀಸರೂ ಅಲ್ಲ, ಸರ್ಕಾರಿ ವಕೀಲರೂ ಅಲ್ಲ, ಚೆಕ್ಕು ಪಡೆದ ರೈತನೇ ಎಂಬುದು ಅನೇಕರಿಗೆ ತಿಳಿದಿರುವುದಿಲ್ಲ. ಫಿರ್ಯಾದು ಹಾಕಿದ ಮೇಲೆ ನ್ಯಾಯಾಲಯವೇ ಎಲ್ಲವನ್ನೂ ನೋಡಿಕೊಳ್ಳುತ್ತದೆಂದು ನಂಬಿ ಊರಿನಲ್ಲೇ ಉಳಿದ ರೈತನು, ಚೆಕ್ಕು ನಿಜವಾಗಿದ್ದು, ಸಹಿ ನಿಜವಾಗಿದ್ದು, ಬಾಕಿ ನಿಜವಾಗಿದ್ದರೂ, ಒಂದು ದಿನದ ಗೈರುಹಾಜರಿಯಿಂದ ಮೊಕದ್ದಮೆ ಕಳೆದುಕೊಳ್ಳಬಹುದು. ಅದು ಹೇಗೆ, ಅದನ್ನು ತಪ್ಪಿಸಿಕೊಳ್ಳುವ ದಾರಿ ಯಾವುದು ಎಂಬುದನ್ನು ಇಲ್ಲಿ ವಿವರಿಸಲಾಗಿದೆ.

ಗಡುವುಗಳ ಲೆಕ್ಕ

ಚೆಕ್ಕು ವಾಪಸಾಗುವುದನ್ನು ಅಪರಾಧವೆಂದು ಹೇಳುವುದು 1881ರ ನೆಗೋಶಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 138ನೇ ಕಲಂ. ಕಾಯ್ದೆ ಹಳೆಯದಾದರೂ ಈ ಕಲಮು ಅದಕ್ಕೆ ಸೇರಿದ್ದು 1988ರ ತಿದ್ದುಪಡಿಯಿಂದ. ಜಾರಿಗೆ ಬಂದದ್ದು 1989ರ ಏಪ್ರಿಲ್ 1ರಂದು. ಮೊದಲು ಒಂದು ವರ್ಷವಿದ್ದ ಗರಿಷ್ಠ ಸೆರೆವಾಸವನ್ನು 2002ರ ತಿದ್ದುಪಡಿಯಲ್ಲಿ ಎರಡು ವರ್ಷಕ್ಕೆ ಏರಿಸಲಾಯಿತು. ಚೆಕ್ಕಿನ ಮೊತ್ತದ ಎರಡು ಪಟ್ಟಿನವರೆಗೆ ದಂಡ ಹಾಕಲೂ ಅವಕಾಶವಿದೆ.

ಒಂದು ಉದಾಹರಣೆಯಿಂದ ಗಡುವುಗಳು ಸ್ಪಷ್ಟವಾಗುತ್ತವೆ. ದಾವಣಗೆರೆ ಕಡೆಯ ಒಬ್ಬ ರೈತ 60 ಕ್ವಿಂಟಲ್ ಮೆಕ್ಕೆಜೋಳವನ್ನು ಕ್ವಿಂಟಲಿಗೆ 2,000 ರೂಪಾಯಿಯಂತೆ ಮಾರಿ, ನವೆಂಬರ್ 10ರ ತಾರೀಖಿನ 1,20,000 ರೂಪಾಯಿಯ ಚೆಕ್ಕು ಪಡೆದನೆಂದು ಭಾವಿಸಬಹುದು. ಚೆಕ್ಕಿಗೆ ಅದರ ತಾರೀಖಿನಿಂದ ಮೂರು ತಿಂಗಳು ಮಾತ್ರ ಆಯುಸ್ಸು. 2012ರ ಏಪ್ರಿಲ್‌ಗೆ ಮುಂಚೆ ಅದು ಆರು ತಿಂಗಳಿತ್ತು. ಹಿರಿಯರಲ್ಲಿ ಕೆಲವರು ಈಗಲೂ ಅದೇ ಲೆಕ್ಕದಲ್ಲಿದ್ದಾರೆ. ರೈತ ಚೆಕ್ಕನ್ನು ತನ್ನ ಖಾತೆಗೆ ಹಾಕಿದ, ನವೆಂಬರ್ 14ರಂದು ಅದು ವಾಪಸು ಬಂತು, ಬ್ಯಾಂಕು ಕಾರಣ ಬರೆದ ಚೀಟಿ ಕೊಟ್ಟಿತು. ಆ ದಿನದಿಂದ 30 ದಿನದೊಳಗೆ ಚೆಕ್ಕು ಕೊಟ್ಟವನಿಗೆ ಲಿಖಿತ ನೋಟೀಸು ಹೋಗಬೇಕು. ನೋಟೀಸು ಡಿಸೆಂಬರ್ 4ರಂದು ಅವನಿಗೆ ತಲುಪಿತೆಂದರೆ, ಹಣ ಕೊಡಲು ಅವನಿಗೆ 15 ದಿನ, ಅಂದರೆ ಡಿಸೆಂಬರ್ 19ರವರೆಗೆ ಕಾಲಾವಕಾಶ. ಕೊಡದಿದ್ದರೆ ಅಲ್ಲಿಂದ ಒಂದು ತಿಂಗಳೊಳಗೆ, ಜನವರಿ 19 ದಾಟದಂತೆ, ಮ್ಯಾಜಿಸ್ಟ್ರೇಟರ ನ್ಯಾಯಾಲಯದಲ್ಲಿ ಫಿರ್ಯಾದು ಹಾಕಬೇಕು. ಆ 15 ದಿನ ತುಂಬುವ ಮೊದಲೇ ಅವಸರಪಟ್ಟು ಹಾಕಿದ ಫಿರ್ಯಾದು ನಿಲ್ಲುವುದಿಲ್ಲ.

ಯಾವ ಊರಿನ ನ್ಯಾಯಾಲಯ ಎಂಬುದೂ ಹಾಜರಾತಿಯ ದೃಷ್ಟಿಯಿಂದ ಮುಖ್ಯ. ಚೆಕ್ಕು ಬರೆದವನ ಬ್ಯಾಂಕು ಇರುವ ಊರಿನಲ್ಲೇ ಮೊಕದ್ದಮೆ ಹೂಡಬೇಕೆಂದು 2014ರಲ್ಲಿ ಸುಪ್ರೀಂ ಕೋರ್ಟು ತೀರ್ಪು ಕೊಟ್ಟಾಗ, ಪರಸ್ಥಳದ ವ್ಯಾಪಾರಿಗೆ ಮಾಲು ಕೊಟ್ಟವರಿಗೆ ಬಹಳ ಕಷ್ಟವಾಯಿತು. 2015ರ ತಿದ್ದುಪಡಿ ಇದನ್ನು ಸರಿಪಡಿಸಿತು. ಈಗ ಚೆಕ್ಕನ್ನು ತನ್ನ ಖಾತೆಯ ಮೂಲಕ ವಸೂಲಿಗೆ ಹಾಕಿದ ರೈತನಿಗೆ, ತನ್ನ ಖಾತೆ ಇರುವ ಶಾಖೆಯ ವ್ಯಾಪ್ತಿಯ ನ್ಯಾಯಾಲಯವೇ ಸಲ್ಲುತ್ತದೆ. ವ್ಯಾಪಾರಿ ಎಷ್ಟೇ ದೂರದವನಾಗಿರಲಿ, ತಾರೀಖಿಗೆ ರೈತ ಹೋಗಬೇಕಾದ್ದು ಸಾಮಾನ್ಯವಾಗಿ ತನ್ನ ತಾಲ್ಲೂಕಿನ ಊರಿಗೇ.

ಗೈರುಹಾಜರಿಯ ಕಲಂ

ಚೆಕ್ಕಿನ ಪ್ರಕರಣಗಳು ಸಮನ್ಸು ಪ್ರಕರಣಗಳ ಕ್ರಮದಲ್ಲಿ ನಡೆಯುತ್ತವೆ. ಆ ಕ್ರಮದಲ್ಲಿ ಒಂದು ಕಟ್ಟುನಿಟ್ಟಿನ ನಿಯಮವಿದೆ. 1973ರ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಅದು 256ನೇ ಕಲಂ. 2024ರ ಜುಲೈ 1ರಿಂದ ಜಾರಿಗೆ ಬಂದಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಅದು 279ನೇ ಕಲಂ. ಫಿರ್ಯಾದಿನ ಮೇಲೆ ಆರೋಪಿಗೆ ಸಮನ್ಸು ಹೊರಟ ನಂತರ, ಆರೋಪಿ ಹಾಜರಾಗಬೇಕಾದ ದಿನ ಅಥವಾ ಮುಂದೆ ಹಾಕಿದ ಯಾವುದೇ ತಾರೀಖಿನಂದು ಫಿರ್ಯಾದಿ ಬಾರದೇ ಇದ್ದರೆ, ಮ್ಯಾಜಿಸ್ಟ್ರೇಟರು ಆರೋಪಿಯನ್ನು ಖುಲಾಸೆ ಮಾಡತಕ್ಕದ್ದು. ಸಕಾರಣ ಕಂಡುಬಂದರೆ ಮಾತ್ರ ಬೇರೆ ತಾರೀಖು ಹಾಕಬಹುದು. ಇದು ಆ ನಿಯಮದ ತಾತ್ಪರ್ಯ.

ಇಲ್ಲಿ ಗಮನಿಸಬೇಕಾದ್ದು 'ಖುಲಾಸೆ' ಎಂಬ ಮಾತು. ಕಡತ ಮುಚ್ಚಿಡುವುದು ಬೇರೆ, ಖುಲಾಸೆ ಬೇರೆ. ಖುಲಾಸೆಯಾದವನು ಕಾನೂನಿನ ಕಣ್ಣಿನಲ್ಲಿ ದೋಷಮುಕ್ತ. ಅದೇ ಚೆಕ್ಕಿನ ಬಗ್ಗೆ, ಅದೇ ಅಪರಾಧಕ್ಕೆ ಅವನನ್ನು ಮತ್ತೊಮ್ಮೆ ವಿಚಾರಣೆಗೆ ಗುರಿಪಡಿಸುವಂತಿಲ್ಲ. ಸಾಕ್ಷ್ಯ ತೂಗಿ ನೋಡಿ ಕೊಟ್ಟ ಖುಲಾಸೆಗೂ, ಫಿರ್ಯಾದಿ ಬರಲಿಲ್ಲವೆಂದು ಕೊಟ್ಟ ಖುಲಾಸೆಗೂ ಈ ವಿಷಯದಲ್ಲಿ ಭೇದವಿಲ್ಲ. ಮರುದಿನ ಓಡಿಬಂದು "ಸ್ವಾಮಿ, ಬಸ್ಸು ತಪ್ಪಿತು" ಎಂದು ಬಿನ್ನವಿಸಿಕೊಂಡರೂ ಅದೇ ಮ್ಯಾಜಿಸ್ಟ್ರೇಟರು ತಮ್ಮ ಆದೇಶವನ್ನು ತಾವೇ ರದ್ದುಮಾಡಿ ಪ್ರಕರಣವನ್ನು ಮತ್ತೆ ಎತ್ತಿಕೊಳ್ಳಲಾರರು. ಫಿರ್ಯಾದಿಯ ಗೈರುಹಾಜರಿಯಿಂದ ವಜಾ ಆದ ಫಿರ್ಯಾದಿಗೆ ಮತ್ತೆ ಜೀವ ಕೊಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇಲ್ಲವೆಂದು ಸುಪ್ರೀಂ ಕೋರ್ಟು 1986ರಲ್ಲೇ ಹೇಳಿದೆ.

ಸಮನ್ಸು ಹೊರಡುವ ಮುಂಚಿನ ಹಂತದಲ್ಲಿ ಅಥವಾ ಸಮನ್ಸಿನ ಶುಲ್ಕ ಕಟ್ಟದೆ ಫಿರ್ಯಾದು ವಜಾ ಆದರೆ ಅದು ಖುಲಾಸೆಯಲ್ಲ. ಆದರೆ ಅಷ್ಟು ಹೊತ್ತಿಗೆ ಹೊಸ ಫಿರ್ಯಾದಿನ ಗಡುವು ಮುಗಿದಿರುತ್ತದಾದ್ದರಿಂದ ಅಲ್ಲಿಯೂ ತೊಂದರೆ ತಪ್ಪಿದ್ದಲ್ಲ.

ಹೊಸ ಸಂಹಿತೆಯಲ್ಲಿ ಒಂದು ಅನುಕೂಲ ಸೇರಿದೆ. ಫಿರ್ಯಾದಿಗೆ ಹಾಜರಾಗಲು 30 ದಿನದ ಕಾಲಾವಕಾಶ ಕೊಟ್ಟ ನಂತರವೇ ಖುಲಾಸೆ ಮಾಡತಕ್ಕದ್ದೆಂದು 279ನೇ ಕಲಂ ಹೇಳುತ್ತದೆ. ಹಳೆಯ 256ನೇ ಕಲಂನಲ್ಲಿ ಈ ಮಾತಿರಲಿಲ್ಲ. 2024ರ ಜುಲೈ 1ಕ್ಕೆ ಮುಂಚೆಯೇ ನ್ಯಾಯಾಲಯದಲ್ಲಿದ್ದ ಪ್ರಕರಣಗಳು ಹಳೆಯ ಸಂಹಿತೆಯಂತೆಯೇ ಮುಂದುವರಿಯುತ್ತವೆ. ಆದ್ದರಿಂದ ತನ್ನ ಪ್ರಕರಣ ಯಾವ ಸಂಹಿತೆಗೆ ಸೇರಿದ್ದೆಂದು ರೈತನು ವಕೀಲರಲ್ಲಿ ಮೊದಲೇ ಕೇಳಿಕೊಳ್ಳಬೇಕು. ಮೂವತ್ತು ದಿನ ಇದೆಯೆಂದು ಉದಾಸೀನ ಮಾಡುವುದು, ರೋಗ ಕಾಣಿಸಿಕೊಂಡ ಮೇಲೆ ಔಷಧಿ ಇದೆಯಲ್ಲ ಎಂದು ಬೀಜೋಪಚಾರ ಬಿಡುವಂತೆ.

ಮೇಲಿನ ನ್ಯಾಯಾಲಯಗಳ ನಿಲುವು

ನಿಯಮ ಕಟ್ಟುನಿಟ್ಟಾದರೂ ಅದನ್ನು ಕುರುಡಾಗಿ ಬಳಸಬಾರದೆಂದು ಸುಪ್ರೀಂ ಕೋರ್ಟು ಹೇಳಿದೆ. ಅಸೋಸಿಯೇಟೆಡ್ ಸಿಮೆಂಟ್ ಕಂಪೆನಿಯ ಪ್ರಕರಣದಲ್ಲಿ (1998ರಲ್ಲಿ ವರದಿಯಾದದ್ದು) ನ್ಯಾಯಾಲಯವು ಈ ಕಲಂನ ಉದ್ದೇಶವನ್ನು ಚೆನ್ನಾಗಿ ಬಿಡಿಸಿ ಹೇಳಿತು. ಫಿರ್ಯಾದು ಹಾಕಿ ಆರೋಪಿಯನ್ನು ಕೋರ್ಟಿಗೆ ಎಳೆದು, ತಾನು ಮಾತ್ರ ಬಾರದೆ ಸತಾಯಿಸುವವರಿಂದ ಆರೋಪಿಗೆ ರಕ್ಷಣೆ ಕೊಡಲು ಈ ಕಲಂ ಇದೆ. ಆದರೆ ಆ ದಿನದ ಕೆಲಸಕ್ಕೆ ಫಿರ್ಯಾದಿಯ ಹಾಜರಿ ಬೇಕೇ ಬೇಕಿತ್ತೇ ಎಂಬುದನ್ನು ಮ್ಯಾಜಿಸ್ಟ್ರೇಟರು ಯೋಚಿಸಬೇಕು. ಬೇಕಿರದ ದಿನ ಗೈರುಹಾಜರಿಯನ್ನೇ ಹಿಡಿದು ಪ್ರಕರಣವನ್ನು ಕಡಿದುಹಾಕುವುದು ಯುಕ್ತವಲ್ಲ. 2008ರಲ್ಲಿ ಎಸ್. ಆನಂದ್ ಅವರ ಪ್ರಕರಣದಲ್ಲಿ ಫಿರ್ಯಾದಿಯ ಕಡೆಯ ಸಾಕ್ಷ್ಯವೆಲ್ಲ ಮುಗಿದಿದ್ದ ಮೇಲೆ ಗೈರುಹಾಜರಿಯ ಕಾರಣಕ್ಕೆ ಖುಲಾಸೆ ಮಾಡಿದ್ದನ್ನು ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಅಂಥ ಹಂತದಲ್ಲಿ ಇರುವ ಸಾಕ್ಷ್ಯದ ಮೇಲೆ ತೀರ್ಪು ಕೊಡಬೇಕೆಂಬುದು ಅದರ ಅಭಿಪ್ರಾಯ.

ಈ ತೀರ್ಪುಗಳು ರೈತನ ಪರವಾಗಿವೆ ಎಂಬುದು ನಿಜ. ಆದರೆ ಇವುಗಳ ಪ್ರಯೋಜನ ಸಿಗುವುದು ಖುಲಾಸೆಯಾದ ಮೇಲೆ, ಮೇಲಿನ ನ್ಯಾಯಾಲಯಕ್ಕೆ ಹೋಗಿ, ಮತ್ತೊಬ್ಬ ವಕೀಲರಿಗೆ ಫೀಜು ಕಟ್ಟಿದ ನಂತರ. ತಾಲ್ಲೂಕು ಊರಿಗೆ ಒಂದು ದಿನ ಬಂದುಹೋಗುವ ಖರ್ಚಿಗೆ ಇದು ಸಮವಾಗದು.

ರೈತರು ಎಲ್ಲಿ ಎಡವುತ್ತಾರೆ

ಗೈರುಹಾಜರಿಗೆ ಸೋಮಾರಿತನ ಕಾರಣವಾಗುವುದು ಅಪರೂಪ. ಕಾರಣಗಳು ಕೃಷಿಯ ಬದುಕಿನಲ್ಲೇ ಇವೆ.

ಮೊದಲನೆಯದು ಹಂಗಾಮು. ಮುಂಗಾರಿನ ಮೊದಲ ಹದಮಳೆ ಬಿದ್ದ ದಿನವೇ ಕೋರ್ಟಿನ ತಾರೀಖೂ ಬಂದರೆ, ಕೂರಿಗೆ ಬಿಟ್ಟು ಕೋರ್ಟಿಗೆ ಹೋಗಲು ಯಾವ ಒಕ್ಕಲಿಗನಿಗೂ ಮನಸ್ಸು ಬಾರದು. ಹದ ತಪ್ಪಿದರೆ ಬೆಳೆ ಕೈತಪ್ಪುತ್ತದೆ. ಈ ಸಂಕಟ ನಿಜವಾದದ್ದು. ಅದಕ್ಕೆ ಕಾನೂನಿನಲ್ಲೇ ಇರುವ ಪರಿಹಾರವನ್ನು ಮುಂದೆ ಹೇಳಿದೆ.

ಎರಡನೆಯದು ಬೇಸರ. ಇಂಥ ಪ್ರಕರಣಗಳನ್ನು ಸಾಧ್ಯವಾದಮಟ್ಟಿಗೆ ಆರು ತಿಂಗಳಲ್ಲಿ ಮುಗಿಸಲು ಯತ್ನಿಸಬೇಕೆಂದು ಕಾಯ್ದೆ ಹೇಳಿದರೂ ವರ್ಷಗಟ್ಟಲೆ ನಡೆಯುವುದೇ ಹೆಚ್ಚು. ಆರೋಪಿಯ ಮನೆಗೆ ಸಮನ್ಸು ಹೋಗುತ್ತದೆ, "ಮನೆಗೆ ಬೀಗ ಹಾಕಿದೆ" ಎಂದು ಹಿಂದಿರುಗುತ್ತದೆ. ಮತ್ತೆ ಶುಲ್ಕ, ಮತ್ತೆ ಸಮನ್ಸು, ಆಮೇಲೆ ವಾರಂಟು. ನಾಲ್ಕಾರು ಸಲ ಬರಿಗೈಯಲ್ಲಿ ಬಂದುಹೋದ ರೈತ ಐದನೆಯ ಸಲ "ಇವತ್ತೂ ಅದೇ ಕಥೆ" ಎಂದು ಮನೆಯಲ್ಲೇ ಉಳಿಯುತ್ತಾನೆ. ಆರೋಪಿ ವಕೀಲನೊಂದಿಗೆ ಹಾಜರಾಗುವುದು ಅದೇ ಐದನೆಯ ಸಲ ಆಗಿರಬಹುದು. ಸಮನ್ಸು ಜಾರಿಯ ವಿಳಂಬ ತಪ್ಪಿಸಲು, ಫಿರ್ಯಾದಿ ತಾನೇ ಸಮನ್ಸನ್ನು ಕೈಯಾರೆ ಒಯ್ದು ಆರೋಪಿಗೆ ತಲುಪಿಸುವ ಕ್ರಮವನ್ನೂ ಬಳಸಬೇಕೆಂದು ಸುಪ್ರೀಂ ಕೋರ್ಟು 2025ರ ಸೆಪ್ಟೆಂಬರಿನಲ್ಲಿ ನಿರ್ದೇಶಿಸಿದೆ. ಇದರಿಂದ ಫಿರ್ಯಾದಿಯ ಕೆಲಸ ಹೆಚ್ಚಿತು, ಕಾಯುವುದು ಕಡಿಮೆಯಾಗಬಹುದು.

ಮೂರನೆಯದೇ ಹೆಚ್ಚು ಅಪಾಯದ್ದು: ಹೊರಗಿನ ರಾಜಿ. ಆರೋಪಿ ಊರಿಗೆ ಬಂದು, ಹಿರಿಯರ ಮುಂದೆ ಕೂತು, 40,000 ರೂಪಾಯಿ ಎಣಿಸಿ ಕೊಟ್ಟು, "ಗೌಡ್ರೆ, ಉಳಿದದ್ದು ಸುಗ್ಗಿಗೆ ಕೊಡ್ತೀನಿ, ಸುಮ್ಮನೆ ಕೋರ್ಟಿಗೆ ಯಾಕೆ ಅಲೀತೀರಿ" ಎನ್ನುತ್ತಾನೆ. ಮಾತಿಗೆ ಬೆಲೆ ಕೊಡುವ ರೈತ ಒಪ್ಪುತ್ತಾನೆ. ಮೊಕದ್ದಮೆ ಅಲ್ಲಿಗೆ ಮುಗಿಯಿತೆಂದು ತಿಳಿದು ತಾರೀಖಿಗೆ ಹೋಗುವುದಿಲ್ಲ. ಆರೋಪಿ ಮಾತ್ರ ಹೋಗುತ್ತಾನೆ, ಹಾಜರಿ ಹಾಕಿಸುತ್ತಾನೆ, ಫಿರ್ಯಾದಿ ಇಲ್ಲವೆಂದು ವಕೀಲರ ಮೂಲಕ ಹೇಳಿಸುತ್ತಾನೆ, ಖುಲಾಸೆಯ ಆದೇಶ ಪಡೆಯುತ್ತಾನೆ. ಸುಗ್ಗಿ ಬಂದಾಗ 80,000 ರೂಪಾಯಿ ಕೇಳಲು ಹೋದ ರೈತನಿಗೆ ಆ ಆದೇಶದ ನಕಲು ಸಿಗುತ್ತದೆ.

ರಾಜಿಯೇ ಬೇಡವೆಂದಲ್ಲ. ಕಾಯ್ದೆಯ 147ನೇ ಕಲಂ ಈ ಅಪರಾಧವನ್ನು ರಾಜಿಗೆ ಅರ್ಹವೆಂದೇ ಹೇಳುತ್ತದೆ. ಆದರೆ ರಾಜಿಯನ್ನು ಕಾಗದದ ಮೇಲೆ ಬರೆದು ನ್ಯಾಯಾಲಯಕ್ಕೆ ಕೊಡಬೇಕು, ಪೂರ್ಣ ಹಣ ಬರುವವರೆಗೆ ತಾರೀಖುಗಳನ್ನು ಬಿಡಬಾರದು. ಇದಕ್ಕಿಂತ ಒಳ್ಳೆಯ ದಾರಿ ಲೋಕ ಅದಾಲತ್. ನ್ಯಾಯಾಲಯದಿಂದ ಲೋಕ ಅದಾಲತ್ತಿಗೆ ಹೋದ ಚೆಕ್ಕಿನ ಪ್ರಕರಣದಲ್ಲಿ ಆದ ರಾಜಿಯು ಸಿವಿಲ್ ನ್ಯಾಯಾಲಯದ ಡಿಕ್ರಿಗೆ ಸಮ ಎಂದು 2011ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದೆ. ಆರೋಪಿ ಮಾತು ತಪ್ಪಿದರೆ ಆ ಡಿಕ್ರಿಯನ್ನು ಜಾರಿ ಮಾಡಿಸಿ ವಸೂಲು ಮಾಡಬಹುದು.

ನಾಲ್ಕನೆಯ ಕಾರಣ ಫಿರ್ಯಾದಿಯ ಮರಣ. ತಂದೆ ಹಾಕಿದ ಮೊಕದ್ದಮೆಯ ಕಾಗದಗಳು ಪೆಟ್ಟಿಗೆಯ ತಳದಲ್ಲಿರುತ್ತವೆ, ಮಕ್ಕಳಿಗೆ ವಿಷಯವೇ ಗೊತ್ತಿರುವುದಿಲ್ಲ. ಫಿರ್ಯಾದಿ ಸತ್ತ ಕಾರಣಕ್ಕೆ ಬಾರದಿದ್ದರೂ ಇದೇ ಕಲಂ ಅನ್ವಯಿಸುತ್ತದೆ. ವಾರಸುದಾರರು ತಡಮಾಡದೆ ನ್ಯಾಯಾಲಯಕ್ಕೆ ಅರ್ಜಿ ಕೊಟ್ಟು ಪ್ರಕರಣ ಮುಂದುವರಿಸಲು ಅನುಮತಿ ಪಡೆಯಬೇಕು. ಸಹಕಾರ ಸಂಘ, ರೈತ ಉತ್ಪಾದಕರ ಕಂಪೆನಿಗಳು ಫಿರ್ಯಾದಿಗಳಾಗಿದ್ದಾಗಲೂ ಹೀಗೆಯೇ: ಫಿರ್ಯಾದಿಗೆ ಸಹಿ ಹಾಕಿದ ಕಾರ್ಯದರ್ಶಿ ಕೆಲಸ ಬಿಟ್ಟುಹೋಗಿ, ಹೊಸಬರಿಗೆ ಕಡತ ಒಪ್ಪಿಸದೇ ಹೋದರೆ ತಾರೀಖಿನ ದಿನ ಸಂಘದ ಪರವಾಗಿ ಯಾರೂ ಇರುವುದಿಲ್ಲ. ನ್ಯಾಯಾಲಯದ ಅನುಮತಿಯಿಂದ ಪ್ರತಿನಿಧಿಯನ್ನು ಬದಲಿಸಬಹುದು. ಆಡಳಿತ ಮಂಡಳಿ ಠರಾವು ಮಾಡಿ ಕೂಡಲೇ ಅರ್ಜಿ ಕೊಡಬೇಕು.

ಬರಲಾಗದ ದಿನ

ಪ್ರತಿ ತಾರೀಖಿಗೂ ರೈತನೇ ಬರಬೇಕೆಂದು ಕಾನೂನು ಹೇಳುವುದಿಲ್ಲ. ಫಿರ್ಯಾದಿಯ ಪರವಾಗಿ ವಕೀಲರು ಹಾಜರಿದ್ದರೆ, ಅಥವಾ ಫಿರ್ಯಾದಿಯ ಖುದ್ದು ಹಾಜರಿ ಅವಶ್ಯವಿಲ್ಲವೆಂದು ಕಂಡರೆ, ಮ್ಯಾಜಿಸ್ಟ್ರೇಟರು ಆ ಹಾಜರಿಗೆ ವಿನಾಯಿತಿ ಕೊಟ್ಟು ಪ್ರಕರಣ ನಡೆಸಬಹುದೆಂದು ಅದೇ ಕಲಂನಲ್ಲಿದೆ. ಬಿತ್ತನೆಯ ದಿನ ಬರಲಾಗದಿದ್ದರೆ ಹಿಂದಿನ ದಿನವೇ ವಕೀಲರಿಗೆ ತಿಳಿಸಿ, ಕಾರಣ ಬರೆದು ಆ ದಿನದ ಮಟ್ಟಿಗೆ ವಿನಾಯಿತಿ ಅರ್ಜಿ ಹಾಕಿಸಬೇಕು. ಕಾಯಿಲೆಯಾದರೆ ವೈದ್ಯರ ಚೀಟಿ ಜೊತೆಗಿರಲಿ. ಖುಲಾಸೆಯ ಆದೇಶಕ್ಕೆ ದಾರಿಯಾಗುವುದು ಸಾಮಾನ್ಯವಾಗಿ ರೈತನೂ ಇಲ್ಲ, ವಕೀಲರೂ ಇಲ್ಲ ಎಂಬ ದಿನ. ವಕೀಲರು ನೋಡಿಕೊಳ್ಳುತ್ತಾರೆಂದು ರೈತನೂ, ರೈತ ಬರುತ್ತಾನೆಂದು ವಕೀಲರೂ ತಿಳಿದಿರುವುದುಂಟು.

ಒಂದು ದಿನಕ್ಕೆ ಮಾತ್ರ ಈ ವಿನಾಯಿತಿಯನ್ನು ನೆಚ್ಚಬಾರದು. ಅದು ಪಾಟೀಸವಾಲಿನ ದಿನ. ಫಿರ್ಯಾದಿಯ ಮುಖ್ಯ ಹೇಳಿಕೆಯನ್ನು ಈಗ ಪ್ರಮಾಣಪತ್ರದ ಮೂಲಕವೇ ಕೊಡಬಹುದು. ಆದರೆ ಆರೋಪಿಯ ವಕೀಲರು ಪ್ರಶ್ನಿಸುವಾಗ ಫಿರ್ಯಾದಿ ಸಾಕ್ಷಿಕಟ್ಟೆಯಲ್ಲಿ ನಿಲ್ಲಲೇಬೇಕು. ಅಂದು ಮೂಲ ಚೆಕ್ಕು, ಬ್ಯಾಂಕಿನ ಚೀಟಿ, ನೋಟೀಸಿನ ನಕಲು, ಅಂಚೆಯ ರಸೀದಿಗಳಲ್ಲದೆ ತೂಕದ ಚೀಟಿ, ಲೆಕ್ಕದ ಪಟ್ಟಿಗಳನ್ನೂ ಮೊದಲೇ ನೋಡಿಕೊಂಡಿರುವುದು ಒಳ್ಳೆಯದು.

ವಯಸ್ಸಾದವರು, ಓಡಾಡಲಾಗದವರು ಮಗನಿಗೋ ಅಳಿಯನಿಗೋ ಅಧಿಕಾರಪತ್ರ ಬರೆದುಕೊಡಬಹುದು. ಅಂಥವರು ಫಿರ್ಯಾದು ಹಾಕಬಹುದು, ಸಾಕ್ಷಿಯನ್ನೂ ಹೇಳಬಹುದು ಎಂದು 2013ರಲ್ಲಿ ಸುಪ್ರೀಂ ಕೋರ್ಟು ಸ್ಪಷ್ಟಪಡಿಸಿದೆ. ಆದರೆ ಸಾಕ್ಷಿ ಹೇಳುವವನಿಗೆ ವ್ಯವಹಾರ ಖುದ್ದಾಗಿ ಗೊತ್ತಿರಬೇಕು. ಮಾಲು ತೂಗುವಾಗ ಕಣದಲ್ಲಿದ್ದ ಮಗನಿಗೆ ಅಧಿಕಾರ ಕೊಡುವುದು ಸರಿ. ಬೆಂಗಳೂರಿನಲ್ಲಿದ್ದು ವಿಷಯವೇ ತಿಳಿಯದ ಮಗನಿಗೆ ಕೊಟ್ಟು ಪ್ರಯೋಜನವಿಲ್ಲ.

ತಾರೀಖು ತಿಳಿಯಲು ಈಗ ಯಾರ ಹಂಗೂ ಬೇಕಿಲ್ಲ. ಪ್ರತಿ ಪ್ರಕರಣಕ್ಕೂ 16 ಅಕ್ಷರ-ಅಂಕಿಗಳ ಸಿ.ಎನ್.ಆರ್. ಸಂಖ್ಯೆ ಇರುತ್ತದೆ. ಇ-ಕೋರ್ಟ್ಸ್ ಸೇವೆಯ ಮೊಬೈಲ್ ಆ್ಯಪ್‌ನಲ್ಲಿ ಅದನ್ನು ಹಾಕಿದರೆ ಮುಂದಿನ ತಾರೀಖು, ಅಂದಿನ ಕೆಲಸ ಎರಡೂ ಕಾಣುತ್ತವೆ. ಓದಲು ಬಾರದವರಿಗೆ ಇದನ್ನು ನೋಡಿ ಹೇಳುವುದು ವಿಸ್ತರಣಾ ಕಾರ್ಯಕರ್ತರಿಗೆ ಎರಡು ನಿಮಿಷದ ಕೆಲಸ. ವಕೀಲರ ಫೀಜು ಕೊಡಲಾಗದ ಸ್ಥಿತಿಯಲ್ಲಿರುವವರು ತಾಲ್ಲೂಕು ಕಾನೂನು ಸೇವೆಗಳ ಸಮಿತಿಯನ್ನು ಕಾಣಬಹುದು. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು, ಬರ ಹಾಗೂ ನೆರೆಯ ಸಂತ್ರಸ್ತರು ಇವರಿಗೆ 1987ರ ಕಾಯ್ದೆಯಂತೆ ಉಚಿತ ವಕೀಲರ ನೆರವು ಉಂಟು. ನಿಗದಿತ ಮಿತಿಗಿಂತ ಕಡಿಮೆ ವರಮಾನದ ಇತರರಿಗೂ ಉಂಟು.

ಖುಲಾಸೆಯಾಗಿಬಿಟ್ಟರೆ

ಮೊದಲು ಆದೇಶದ ದೃಢೀಕೃತ ನಕಲಿಗೆ ಅರ್ಜಿ ಹಾಕಬೇಕು. ಇಂಥ ಖುಲಾಸೆಯ ವಿರುದ್ಧ ಹೈಕೋರ್ಟಿನ ವಿಶೇಷ ಅನುಮತಿ ಪಡೆದು ಮೇಲ್ಮನವಿ ಹಾಕುವುದು ಬಹುಕಾಲದಿಂದ ಬಂದ ಕ್ರಮ. ಅನುಮತಿಯ ಅರ್ಜಿಗೆ ಆದೇಶದ ದಿನದಿಂದ 60 ದಿನದ ಗಡುವು. ಉತ್ತರ ಕರ್ನಾಟಕದವರಿಗೆ ಧಾರವಾಡ ಮತ್ತು ಕಲಬುರಗಿಗಳಲ್ಲಿ ಹೈಕೋರ್ಟಿನ ಪೀಠಗಳಿವೆ. ಚೆಕ್ಕಿನ ಪ್ರಕರಣದ ಫಿರ್ಯಾದಿಯನ್ನು ಅಪರಾಧದಿಂದ ಬಾಧಿತನಾದವನೆಂದೂ ಎಣಿಸಬೇಕು, ಬಾಧಿತನು ವಿಶೇಷ ಅನುಮತಿಯಿಲ್ಲದೆಯೇ ಮೇಲ್ಮನವಿ ಹಾಕಬಹುದು ಎಂದು ಸುಪ್ರೀಂ ಕೋರ್ಟು 2025ರಲ್ಲಿ ಸೆಲೆಸ್ಟಿಯಂ ಫೈನಾನ್ಷಿಯಲ್ ಪ್ರಕರಣದಲ್ಲಿ ಹೇಳಿದೆ. ಎರಡರಲ್ಲಿ ಯಾವ ದಾರಿ ತಕ್ಕುದೆಂದು ವಕೀಲರು ತಿಳಿಸಬಲ್ಲರು. ಯಾವ ದಾರಿಯಾದರೂ ಗೈರುಹಾಜರಿಗೆ ನಂಬುವಂಥ ಕಾರಣ ಮತ್ತು ಅದಕ್ಕೆ ದಾಖಲೆ ಬೇಕು. ಒಂದೇ ತಾರೀಖು ತಪ್ಪಿಸಿದವನಿಗೂ ಸಾಲಾಗಿ ಹಲವು ತಾರೀಖು ತಪ್ಪಿಸಿದವನಿಗೂ ಮೇಲಿನ ನ್ಯಾಯಾಲಯದಲ್ಲಿ ಒಂದೇ ಮರ್ಯಾದೆ ಸಿಗಲಾರದು.

ಮಧ್ಯಂತರ ಪರಿಹಾರ ಪಡೆದವರಿಗೆ ಇನ್ನೊಂದು ಹೊರೆ ಬೀಳುತ್ತದೆ. 2018ರ ತಿದ್ದುಪಡಿಯಂತೆ, ವಿಚಾರಣೆ ನಡೆಯುತ್ತಿರುವಾಗಲೇ ಚೆಕ್ಕಿನ ಮೊತ್ತದ ಶೇಕಡಾ 20ರವರೆಗೆ ಪರಿಹಾರ ಕೊಡಿಸಲು ನ್ಯಾಯಾಲಯಕ್ಕೆ ಅಧಿಕಾರವಿದೆ. ಮೇಲಿನ ಉದಾಹರಣೆಯಲ್ಲಿ ಅದು 24,000 ರೂಪಾಯಿ. ಆರೋಪಿ ಖುಲಾಸೆಯಾದರೆ ಆ ಹಣವನ್ನು ಬಡ್ಡಿಸಹಿತ 60 ದಿನದಲ್ಲಿ ಅವನಿಗೆ ಹಿಂತಿರುಗಿಸಬೇಕಾಗುತ್ತದೆ. ಬರಬೇಕಾದ ಬಾಕಿ ಬಾರದೆ, ಬಂದದ್ದನ್ನೂ ಕೊಡಬೇಕಾದ ಸ್ಥಿತಿ.

ಆರೋಪಿ ಖುಲಾಸೆಯಾದ ಮಾತ್ರಕ್ಕೆ ಸಾಲ ತೀರಿಹೋಗುವುದಿಲ್ಲ. ಮಾಲಿನ ಹಣಕ್ಕಾಗಿ ಸಿವಿಲ್ ದಾವೆ ಹೂಡುವ ಹಕ್ಕು ಬೇರೆಯಾಗಿಯೇ ಇದೆ. ಅದರ ಗಡುವು ಮೂರು ವರ್ಷ: ಉದ್ದರಿಯ ಅವಧಿ ಗೊತ್ತುಮಾಡಿರದಿದ್ದರೆ ಮಾಲು ಒಪ್ಪಿಸಿದ ದಿನದಿಂದ, ಗೊತ್ತುಮಾಡಿದ್ದರೆ ಆ ಅವಧಿ ಮುಗಿದ ದಿನದಿಂದ. ಚೆಕ್ಕಿನ ಮೊಕದ್ದಮೆ ನಡೆಯುತ್ತಿದೆಯೆಂದು ಈ ಮೂರು ವರ್ಷ ನಿಲ್ಲುವುದಿಲ್ಲ. ಮ್ಯಾಜಿಸ್ಟ್ರೇಟರ ನ್ಯಾಯಾಲಯದಲ್ಲಿ ನಾಲ್ಕು ವರ್ಷ ಅಲೆದು ಗೈರುಹಾಜರಿಯಿಂದ ಸೋತವನಿಗೆ ಸಿವಿಲ್ ದಾವೆಯ ಗಡುವು ಆಗಲೇ ದಾಟಿರುತ್ತದೆ. ದೊಡ್ಡ ಮೊತ್ತವಾದರೆ ಎರಡನೆಯ ವರ್ಷ ಮುಗಿಯುವ ಹೊತ್ತಿಗೆ ವಕೀಲರೊಂದಿಗೆ ಕೂತು, ಸಿವಿಲ್ ದಾವೆಯನ್ನೂ ಜೊತೆಯಲ್ಲೇ ಹೂಡಬೇಕೇ ಎಂಬುದನ್ನು ನಿರ್ಧರಿಸಿಕೊಳ್ಳಬೇಕು. ನ್ಯಾಯಾಲಯ ಶುಲ್ಕದ ಖರ್ಚು ಎಷ್ಟಾಗುತ್ತದೆಂಬುದನ್ನೂ ಅಂದೇ ಕೇಳಿಕೊಳ್ಳಬೇಕು.